ಬೆಂಕಿಕಡ್ಡಿ ಇರದ ಇಸವಿ

ಮೋರ್ಕಂಬಿನ ಕಡಲು ದಿನಕ್ಕೆರಡು ಸಲ
ತಾನು ಬರೆದದ್ದನ್ನು ತಾನೇ ಅಳಿಸಿಕೊಳ್ಳುತ್ತದೆ.
ಅದರೆದುರಿನ ಕಿಟಕಿಯಲ್ಲಿ ಕೂತು
ಮುರಿಯಲ್ ಥ್ರೆಲ್‌ಫಾಲ್ ನನ್ನ ಮೊದಲ ಕಾದಂಬರಿಯ
ನಲವತ್ತು ಪುಟ ಹೊಡೆದುಹಾಕಿದಳು, ನೀಲಿ ಪೆನ್ಸಿಲ್ಲಿನಲ್ಲಿ.
ಮಿಕ್ಕಿದ್ದರ ಅಂಚಿಗೆ ಬರೆದಳು:
"ಈ ಕುದುರೆ ಮುಂಜಾನೆಯಿಂದ ಓಡುತ್ತಿದೆ.
ನೀರು ಕುಡಿಸಿದವರು ಯಾರು?"

ಹಗಲು ಬೇರೆಯವರ ವಾಕ್ಯ ತಿದ್ದುವ ಕೂಲಿ.
ರಾತ್ರಿ ಅಡುಗೆಮನೆಯ ಮೇಜೊರೆಸಿ ತನ್ನದು:
ಕಳ್ಳಮಾಲಿನ ದೋಣಿ, ಸೋತ ಜೂಜು,
ವಿಧವೆಯೊಬ್ಬಳ ಎರಡನೆಯ ನಗು.
ಇಪ್ಪತ್ತೊಂಬತ್ತು ಪುಸ್ತಕ. ಎಲ್ಲದರ ಮುಖಪುಟದಲ್ಲೂ
ಅದೇ ಹೆಣ್ಣು, ಅದೇ ಗಾಳಿ, ನಿಲುವಂಗಿಯ ಬಣ್ಣವಷ್ಟೇ ಬೇರೆ.
ಊರ ಗ್ರಂಥಾಲಯದಿಂದ ಹೆಂಗಸರು ಅವನ್ನು
ತೋಟಗಾರಿಕೆಯ ಪುಸ್ತಕದಡಿ ಇಟ್ಟು ಒಯ್ಯುತ್ತಿದ್ದರು.
ಗೊತ್ತಿತ್ತು ಅವಳಿಗೆ.
"ಇರಲಿ, ಅವರ ಗುಲಾಬಿಯೂ ಬದುಕಿಕೊಳ್ಳುತ್ತದೆ."

ಗಂಡ ಕತ್ಬರ್ಟ್, ಬಸ್ ಡಿಪೋದ ಗುಮಾಸ್ತ;
ಮನೆಯೊಳಗೆ ಎಲ್ಲ ಡ್ಯೂಕುಗಳೂ ಅವನೇ.
ಮಳೆಯಲ್ಲಿ ನೆನೆದ ಸವಾರಿ ಬೂಟು ಕಳಚಲು ಎಷ್ಟು ಹೊತ್ತು?
ಹರಾಜಿನಲ್ಲಿ ಹಿಡಿದ ಮೊಣಕಾಲುದ್ದದ ಜೋಡನ್ನು
ಬಕೆಟ್ಟಿನಲ್ಲಿ ನೆನೆಸಿ, ತೊಡಿಸಿ, ಕುರ್ಚಿಯಲ್ಲಿ ಕೂರಿಸಿ,
ಗಡಿಯಾರ ಮೇಜಿಗಿಟ್ಟು ಅವನ ಕಾಲೆಳೆದಳು,
ಎರಡೂ ಅರ್ಥದಲ್ಲಿ.
ಎರಡು ನಿಮಿಷ ನಲವತ್ತು ಸೆಕೆಂಡು. ಆಮೇಲೆ ಇಬ್ಬರೂ ನೆಲದ ಮೇಲೆ.
"ಅಷ್ಟು ಹೊತ್ತು ಜನ ಏನಾದರೂ ಮಾತಾಡಲೇಬೇಕಲ್ಲ,"
ಎಂದಳು ನನಗೆ. "ನಿನ್ನ ನಾಯಕ ಅರೆಗಳಿಗೆಯಲ್ಲಿ ಬರಿಗಾಲು.
ಅದು ಪ್ರೇಮವಲ್ಲ, ಬಸ್ಸು ತಪ್ಪುವ ಅವಸರ."

ಇನ್ನೊಂದು ಪಾಠ.
ಸಾವಿರದ ಎಂಟುನೂರ ಹನ್ನೊಂದರಲ್ಲಿ
ಬೆಂಕಿಕಡ್ಡಿ ಇರಲಿಲ್ಲ.
ನನ್ನವನು ಕತ್ತಲ ಕೋಣೆಗೆ ನುಗ್ಗಿ ಕಡ್ಡಿ ಗೀರಿದ್ದ.
ನೀಲಿ ಗೆರೆ. "ಚಕಮಕಿ ಕೊಡು ಅವನಿಗೆ.
ಕಲ್ಲಿಗೆ ಉಕ್ಕು ತಾಗಬೇಕು, ಕಿಡಿ ಚಿಂದಿಗೆ ಬೀಳಬೇಕು,
ಕಡಲೂರಿನ ಚಿಂದಿ ಒದ್ದೆ, ಹತ್ತು ಸಲ ಸೋಲಬೇಕು.
ಅಷ್ಟರಲ್ಲಿ ಅವಳ ಉಸಿರು ಯಾವ ಮೂಲೆಯಲ್ಲಿದೆ
ಅವನಿಗೆ ತಿಳಿದಿರುತ್ತದೆ.
ದಡ್ಡಿ, ಇಷ್ಟುದ್ದ ಕತ್ತಲನ್ನು
ಇತಿಹಾಸ ಬಿಟ್ಟಿ ಕೊಟ್ಟಿದೆ, ಬೇಡವೆನ್ನುತ್ತೀಯಲ್ಲ."

ಕತ್ಬರ್ಟ್ ಹೋದದ್ದು ಫೆಬ್ರವರಿಯ ಒಂದು ಬುಧವಾರ,
ಭರತದ ಹೊತ್ತು.
ಆಮೇಲಿನ ಆರು ಪುಸ್ತಕಗಳಲ್ಲಿ
ಯಾವ ನಾಯಕನೂ ಬೂಟು ಕಳಚುವುದಿಲ್ಲ.
ವಿಮರ್ಶಕರು ಗಮನಿಸಲಿಲ್ಲ.
ಅವರು ಓದುತ್ತಲೇ ಇರಲಿಲ್ಲ ಎನ್ನುವುದು ಬೇರೆ ಮಾತು.

ಕೊನೆಯದನ್ನು ನನ್ನ ಕೈಗಿಟ್ಟಳು, ಪೆನ್ಸಿಲ್ ಸಮೇತ:
ಮೋಟು, ಹಲ್ಲಿನ ಗುರುತಿದ್ದದ್ದು.
"ದಯೆ ತೋರಿಸಬೇಡ."
ತೋರಿಸಲಿಲ್ಲ, ಇನ್ನೂರ ಹನ್ನೆರಡನೆಯ ಪುಟದವರೆಗೆ.
ಅಲ್ಲಿ, ಅದೇ ಇಸವಿ, ಕತ್ತಲ ಕೋಣೆ,
ಒಬ್ಬಳು ಬಾಗಿಲು ತೆರೆದು ಬರುತ್ತಾಳೆ,
ಕುರ್ಚಿಯಲ್ಲಿ ಯಾರೋ ಕೂತಿದ್ದಾರೆ, ಒದ್ದೆ ತೊಗಲಿನ ವಾಸನೆ,
ಅವಳು ಕಡ್ಡಿ ಗೀರುತ್ತಾಳೆ.

ಮರೆವೋ? ಆ ವರ್ಷ ನನ್ನ ಹೆಸರನ್ನೇ ಎರಡು ಸಲ ತಪ್ಪಿದ್ದಳು.
ಇಲ್ಲಾ, ಸಾಕಾಗಿತ್ತೋ ಕತ್ತಲು,
ಮುಖ ಬೇಕಿತ್ತೋ, ಈಗಲೇ, ಒಂದೇ ಗೀರಿಗೆ.
ಕೇಳಬಹುದಿತ್ತು.
ಕಿಟಕಿಯಾಚೆ ಇಳಿತ, ಮೈಲುಗಟ್ಟಲೆ ಬರಿ ಮರಳು,
ಸೀಗಡಿಯವನ ಟ್ರ್ಯಾಕ್ಟರ್ ಒಂದು ಚುಕ್ಕೆ.
ಪೆನ್ಸಿಲ್ ಕೆಳಗಿಟ್ಟೆ.

ಪುಸ್ತಕ ಬಂದು ತಿಂಗಳಿಗೆ
ಕಾರ್ಲೈಲಿನಿಂದ ನಿವೃತ್ತ ಮೇಷ್ಟರೊಬ್ಬರ ಕಾಗದ:
ಕಡ್ಡಿ ಬಂದದ್ದು ಇನ್ನೂ ಹದಿನೈದು ವರ್ಷಕ್ಕೆ, ಪುಟಸಂಖ್ಯೆ ಸಹಿತ.
ತೋರಿಸೋಣವೆಂದರೆ ಅವಳಿರಲಿಲ್ಲ.
ನಾನೇ ಉತ್ತರಿಸಿದೆ:
"ಮಾನ್ಯರೇ, ನೀವು ಹೇಳಿದ್ದು ಸರಿ.
ತಪ್ಪು ಸಂಪಾದಕಿಯದು.
ಮರುಮುದ್ರಣದಲ್ಲೂ ಅದು ಹಾಗೇ ಇರುತ್ತದೆ."